ಇಬ್ಬರನ್ನು ಬಿಟ್ಟು ಬನ್ನಿ

1951ರಲ್ಲಿ ಸ್ಯಾನ್ ಫ್ರಾನ್ಸಿಸ್ಕೋ ವಿಶ್ವವಿದ್ಯಾಲಯದ ಫುಟ್ಬಾಲ್ ತಂಡ ಒಂಬತ್ತು ಪಂದ್ಯ ಆಡಿತು, ಒಂಬತ್ತನ್ನೂ ಗೆದ್ದಿತು. ಹೊಸ ವರ್ಷದ ದಿನ ನಡೆಯುವ ದೊಡ್ಡ ಪಂದ್ಯಗಳಿಗೆ ಅದನ್ನು ಯಾರೂ ಕರೆಯಲಿಲ್ಲ. ಆ ಋತು ಮುಗಿದ ಮೇಲೆ ಆ ತಂಡವೇ ಉಳಿಯಲಿಲ್ಲ. ಅಮೆರಿಕದ ಕ್ರೀಡಾಲೋಕ ಆ ಹುಡುಗರನ್ನು ಇಂದಿಗೂ ಸೋಲಿಲ್ಲದ, ಸಮವಿಲ್ಲದ, ಕರೆಯಿಲ್ಲದ ತಂಡ ಎಂದೇ ನೆನೆಯುತ್ತದೆ.

ನಾನು ಧಾರವಾಡದಲ್ಲಿ ಫಿಸಿಕಲ್ ಡೈರೆಕ್ಟರ್ ಆಗಿ ನಿವೃತ್ತನಾದವನು. ಅಂತರ ಕಾಲೇಜು ಪಂದ್ಯಾವಳಿಗಳಿಗೆ ತಂಡ ಕಟ್ಟಿ ಕರೆದೊಯ್ಯುವುದು ನನ್ನ ಕೆಲಸವಾಗಿತ್ತು. ಅದರಲ್ಲಿ ಆಟ ಎಷ್ಟಿರುತ್ತದೋ ಕಾಗದಪತ್ರವೂ ಅಷ್ಟೇ ಇರುತ್ತದೆ. ಎಲಿಜಿಬಿಲಿಟಿ ಫಾರ್ಮ್ ತುಂಬಬೇಕು, ಪ್ರಿನ್ಸಿಪಾಲರ ಸಹಿ ಮತ್ತು ಶಿಕ್ಕಾ ಬೀಳಬೇಕು, ಟಿ.ಎ., ಡಿ.ಎ. ಲೆಕ್ಕ ಹೊಂದಬೇಕು. ಎಲ್ಲಕ್ಕೂ ಮೊದಲು ತಂಡದ ಯಾದಿ ಸಿದ್ಧವಾಗಬೇಕು. ಆ ಯಾದಿಯಲ್ಲಿ ಹೆಸರಿಲ್ಲದ ಹುಡುಗ ಮುಖ ಸಣ್ಣ ಮಾಡಿಕೊಂಡು ಕೋಣೆಯ ಬಾಗಿಲಲ್ಲಿ ನಿಂತಿರುವುದನ್ನು ನಾನು ಎಷ್ಟೋ ವರ್ಷ ನೋಡಿದ್ದೇನೆ. ಒಂದು ಹೆಸರಿನ ಮೇಲೆ ಗೀಟು ಎಳೆಯುವುದು ಎಷ್ಟು ಸುಲಭ ಎಂಬುದು ಆ ಕುರ್ಚಿಯಲ್ಲಿ ಕೂತವರಿಗೆ ಗೊತ್ತು. 1951ರ ಈ ತಂಡದ ವೃತ್ತಾಂತವನ್ನು ನಾನು ಓದುವುದೂ ಒಂದು ಯಾದಿಯ ವೃತ್ತಾಂತವಾಗಿಯೇ. ಎರಡು ಹೆಸರಿನ ಮೇಲೆ ಗೀಟು ಎಳೆಯಿರಿ, ಉಳಿದವರಿಗೆ ಸ್ವಾಗತ ಎಂದು ಹೇಳಿಸಿಕೊಂಡ ಯಾದಿ ಅದು.

ಮಗಳ ಮನೆ ಸ್ಯಾನ್ ಫ್ರಾನ್ಸಿಸ್ಕೋದಲ್ಲಿ, ಗೋಲ್ಡನ್ ಗೇಟ್ ಪಾರ್ಕಿನ ಆಗ್ನೇಯ ಮೂಲೆಗೆ ಹತ್ತಿರ. ಅಲ್ಲಿಗೆ ಹೋದಾಗಲೆಲ್ಲ ಬೆಳಗಿನ ಹೊತ್ತು ಕೀಝರ್ ಸ್ಟೇಡಿಯಂನ ಟ್ರ್ಯಾಕಿನಲ್ಲಿ ನಡೆಯುತ್ತೇನೆ. ಈಗಿರುವುದು ಸಣ್ಣ ಮೈದಾನ, ಸಾರ್ವಜನಿಕರು ಬಂದು ಓಡುವಂಥದ್ದು. 1925ರಲ್ಲಿ ಕಟ್ಟಿದ ಮೂಲ ಕೀಝರ್ ಐವತ್ತು ಸಾವಿರಕ್ಕೂ ಹೆಚ್ಚು ಜನ ಕೂರುವ ದೊಡ್ಡ ಬಟ್ಟಲಾಗಿತ್ತು. ಅದನ್ನು 1989ರಲ್ಲಿ ಕೆಡವಿದರು. ಸ್ಯಾನ್ ಫ್ರಾನ್ಸಿಸ್ಕೋದ ವೃತ್ತಿಪರ ತಂಡ ಫಾರ್ಟಿನೈನರ್ಸ್ 1946ರಿಂದ 1970ರವರೆಗೆ ಆಡಿದ್ದು ಅಲ್ಲೇ. ಈಗಿನ ಅಂಗಳಕ್ಕೆ ಬಾಬ್ ಸೇಂಟ್ ಕ್ಲೇರ್ ಎಂಬ ಆಟಗಾರನ ಹೆಸರಿದೆ. ಈತ ಯಾರು ಎಂದು ಹುಡುಕುತ್ತ ಹೋದಾಗ ಗ್ರಂಥಾಲಯದಲ್ಲಿ ನನ್ನ ಕೈಗೆ ಸಿಕ್ಕಿದ್ದು ಈ ತಂಡ.

ಆಟದ ಬಗ್ಗೆ ಎರಡು ಮಾತು ಹೇಳಿಯೇ ಮುಂದೆ ಹೋಗಬೇಕು, ನಮ್ಮವರು ಫುಟ್ಬಾಲ್ ಎಂದರೆ ಕಾಲಲ್ಲಿ ಒದೆಯುವ ಚೆಂಡನ್ನೇ ಎಣಿಸುತ್ತಾರೆ. ಅಮೆರಿಕದ ಫುಟ್ಬಾಲಿನಲ್ಲಿ ಒಂದೊಂದು ಕಡೆಗೆ ಹನ್ನೊಂದು ಜನ. ಚೆಂಡು ಇರುವ ತಂಡಕ್ಕೆ ನಾಲ್ಕು ಯತ್ನ, ಅಷ್ಟರಲ್ಲಿ ಹತ್ತು ಗಜ ಮುಂದೆ ಸರಿಯಬೇಕು. ಸರಿದರೆ ಮತ್ತೆ ನಾಲ್ಕು ಯತ್ನ. ಹೀಗೆ ಎದುರಾಳಿಯ ಗಡಿ ದಾಟಿಸಿದರೆ ಟಚ್‌ಡೌನ್, ಆರು ಅಂಕ. ನನ್ನ ಕಣ್ಣಿಗೆ ಇದು ಕಬಡ್ಡಿಗೆ ಹತ್ತಿರದ ಆಟ. ರೈಡ್ ಹೋದವನ ಹೆಸರು ಊರೆಲ್ಲ ಕೇಳುತ್ತದೆ, ಆದರೆ ಪಂದ್ಯ ನಿಂತಿರುವುದು ಮೂಲೆಯಲ್ಲಿ ಕಾಲು ಹಿಡಿಯುವವರ ಮೇಲೆ. ಇಲ್ಲಿಯೂ ಚೆಂಡು ಹೊತ್ತು ಓಡುವವನಿಗೆ ಹೆಸರು. ಅವನಿಗೆ ದಾರಿ ಬಿಡಿಸಲು ಎದೆಗೆ ಎದೆ ಕೊಟ್ಟು ಗುದ್ದಾಡುವ ಲೈನ್‌ಮನ್‌ಗಳ ಹೆಸರನ್ನು ಹೆಚ್ಚಿನವರು ಕೇಳಿರುವುದಿಲ್ಲ.

ಆ ಕಾಲದಲ್ಲಿ ಕಾಲೇಜು ಫುಟ್ಬಾಲಿಗೆ ರಾಷ್ಟ್ರೀಯ ಫೈನಲ್ ಎಂಬುದೇ ಇರಲಿಲ್ಲ. ಅದರ ಬದಲು ಜನವರಿ ಒಂದರ ಆಸುಪಾಸು ‘ಬೌಲ್’ ಎಂಬ ಹೆಸರಿನ ಪಂದ್ಯಗಳು. ಮಯಾಮಿಯಲ್ಲಿ ಆರೆಂಜ್ ಬೌಲ್, ನ್ಯೂ ಓರ್ಲಿಯನ್ಸ್‌ನಲ್ಲಿ ಶುಗರ್ ಬೌಲ್, ಜ್ಯಾಕ್ಸನ್‌ವಿಲ್‌ನಲ್ಲಿ ಗೇಟರ್ ಬೌಲ್, ಡಲಾಸ್‌ನಲ್ಲಿ ಕಾಟನ್ ಬೌಲ್. ಯಾರನ್ನು ಕರೆಯಬೇಕೆಂದು ತೀರ್ಮಾನಿಸುತ್ತಿದ್ದುದು ಆಯಾ ಊರಿನ ಗಣ್ಯರ ಸಮಿತಿಗಳು. ಚಳಿಗಾಲದಲ್ಲಿ ಊರಿಗೆ ಪ್ರವಾಸಿಗರು ಬರಬೇಕು, ಹೋಟೆಲುಗಳು ತುಂಬಬೇಕು ಎಂಬುದು ಅವರ ಲೆಕ್ಕಾಚಾರ. ಕ್ಯಾಲಿಫೋರ್ನಿಯಾದ ಪ್ಯಾಸಡೀನಾದಲ್ಲಿ ನಡೆಯುವ ರೋಸ್ ಬೌಲ್ ಎಲ್ಲಕ್ಕೂ ಹಳೆಯದು. ಆದರೆ 1947ರಿಂದ ಅದು ಎರಡು ಒಕ್ಕೂಟಗಳ ತಂಡಗಳಿಗೆ ಮಾತ್ರ ಮೀಸಲಾಯಿತು. ಸ್ಯಾನ್ ಫ್ರಾನ್ಸಿಸ್ಕೋ ಯಾವ ಒಕ್ಕೂಟಕ್ಕೂ ಸೇರಿದ್ದಲ್ಲ. ಹಾಗಾಗಿ ತನ್ನದೇ ರಾಜ್ಯದ ರೋಸ್ ಬೌಲ್ ಅದಕ್ಕೆ ಮುಚ್ಚಿದ ಬಾಗಿಲು. ಉಳಿದ ದೊಡ್ಡ ಬೌಲ್‌ಗಳೆಲ್ಲ ದಕ್ಷಿಣದ ರಾಜ್ಯಗಳಲ್ಲಿದ್ದವು. ಆ ರಾಜ್ಯಗಳಲ್ಲಿ ಬಸ್ಸು, ಶಾಲೆ, ಹೋಟೆಲು, ನೀರಿನ ನಲ್ಲಿ ಎಲ್ಲವೂ ಬಿಳಿಯರಿಗೆ ಬೇರೆ, ಕಪ್ಪು ಜನಕ್ಕೆ ಬೇರೆ. ಈ ಭೂಗೋಳ ಮನಸ್ಸಿನಲ್ಲಿರದಿದ್ದರೆ ಮುಂದಿನ ಸಂಗತಿ ಅರ್ಥವಾಗದು.

ವಿಶ್ವವಿದ್ಯಾಲಯ ಎಂದರೂ ಅದು ಆಗ ಸಣ್ಣ ಸಂಸ್ಥೆ. 1855ರಲ್ಲಿ ಜೆಸ್ಯೂಟ್ ಪಾದ್ರಿಗಳು ತೆರೆದದ್ದು. ಊರ ನಡುವಿನ ಗುಡ್ಡದ ಮೇಲೆ ಎರಡು ಗೋಪುರದ ಸೇಂಟ್ ಇಗ್ನೇಷಿಯಸ್ ಚರ್ಚು, ಅದರ ಪಕ್ಕದಲ್ಲಿ ತರಗತಿಗಳು. ಫುಟ್ಬಾಲ್ ತಂಡ ಸಾಕುವುದು ಆಗಲೇ ಭಾರವಾಗಿತ್ತು. ನಲವತ್ತಕ್ಕೂ ಹೆಚ್ಚು ಜನಕ್ಕೆ ಹೆಲ್ಮೆಟ್ಟು, ಭುಜದ ಕವಚ, ಬೂಟು ಬೇಕು, ರೈಲು ವಿಮಾನದ ಖರ್ಚು ಬೇಕು, ವಿದ್ಯಾರ್ಥಿವೇತನ ಬೇಕು. ಒಂದು ಕಡೆ ವೃತ್ತಿಪರ ತಂಡ ಬಂದು ಪ್ರೇಕ್ಷಕರನ್ನು ಎಳೆದುಕೊಂಡಿತ್ತು. ಇನ್ನೊಂದು ಕಡೆ ಟೆಲಿವಿಷನ್ ಮನೆಮನೆಗೆ ಬರುತ್ತಿತ್ತು. ಹತ್ತಿರದ ಇನ್ನೊಂದು ಕ್ಯಾಥೊಲಿಕ್ ಕಾಲೇಜು ಸೇಂಟ್ ಮೇರೀಸ್, 1950ರ ಋತು ಮುಗಿದದ್ದೇ ಫುಟ್ಬಾಲ್ ನಿಲ್ಲಿಸಿಬಿಟ್ಟಿತು. ಆ ಕಾಲೇಜಿನ ತೇರನ್ನು ಎಳೆಯುವಷ್ಟು ಜನ ಅಲ್ಲಿ ಉಳಿದಿರಲಿಲ್ಲ. ಮುಂದಿನ ಸರದಿ ತಮ್ಮದೇ ಎಂದು ಗುಡ್ಡದ ಮೇಲಿನ ಪಾದ್ರಿಗಳಿಗೂ ಗೊತ್ತಿತ್ತು, ಹುಡುಗರಿಗೂ ಗೊತ್ತಿತ್ತು. ಒಂದು ದೊಡ್ಡ ಬೌಲ್‌ನಿಂದ ಬರುವ ಹಣ ಮಾತ್ರ ತಂಡವನ್ನು ಉಳಿಸಬಹುದಿತ್ತು. ಒಂಬತ್ತು ಪಂದ್ಯಗಳನ್ನೂ ಅವರು ಆಡಿದ್ದು ಈ ಅರಿವಿನಲ್ಲೇ.

ಕೋಚ್ ಜೋ ಕುಹಾರಿಕ್. ನೋಟರ್ ಡೇಮ್ ವಿಶ್ವವಿದ್ಯಾಲಯದಲ್ಲಿ ಆಡಿ ಬಂದವನು, 1948ರಿಂದ ಇಲ್ಲಿ ಕೋಚ್. ಶಿಸ್ತಿನ ಮನುಷ್ಯ, ಕೈಬಿಗಿ. ತಂಡವನ್ನು ಸ್ಯಾಕ್ರಮೆಂಟೋ ಕಣಿವೆಯ ಉತ್ತರಕ್ಕಿರುವ ಕಾರ್ನಿಂಗ್ ಎಂಬ ಊರಿಗೆ ಬೇಸಿಗೆ ಶಿಬಿರಕ್ಕೆ ಒಯ್ದ. ಆಲಿವ್ ತೋಟಗಳ ಊರು. ಸ್ಯಾನ್ ಫ್ರಾನ್ಸಿಸ್ಕೋದಲ್ಲಿ ಆಗಸ್ಟಿನಲ್ಲೂ ಸ್ವೆಟರ್ ಬೇಕು. ಆ ಕಣಿವೆಯಲ್ಲಿ ಬಿಸಿಲು ನಮ್ಮ ರಾಯಚೂರಿನ ಏಪ್ರಿಲ್ ಬಿಸಿಲಿಗೆ ಕಡಿಮೆಯಿಲ್ಲ. ಅಲ್ಲಿ ಮೈಮೇಲೆ ಕವಚ ಹೊತ್ತು ದಿನವಿಡೀ ತಾಲೀಮು. ಆ ಹುಡುಗರು ಮುದುಕರಾದ ಮೇಲೂ ಮಾತಿಗೆ ಕೂತರೆ ಕಾರ್ನಿಂಗ್ ಶಿಬಿರವನ್ನು ನೆನೆಯುತ್ತಿದ್ದರು. ನನ್ನ ಅನುಭವವೂ ಅದೇ. ತಂಡವೆಂಬುದು ಕಟ್ಟಿಕೊಳ್ಳುವುದು ಪಂದ್ಯದ ದಿನವಲ್ಲ, ಶಿಬಿರದಲ್ಲಿ. ಒಂದೇ ಕೋಣೆಯಲ್ಲಿ ಹಾಸಿಗೆ ಹಾಕಿ, ಒಂದೇ ಕೊಡದ ನೀರು ಕುಡಿದು, ಕಾಲು ಉಳುಕಿದವನಿಗೆ ಇನ್ನೊಬ್ಬ ಎಣ್ಣೆ ತಿಕ್ಕಿದ ಮೇಲೆ ಯಾದಿಯ ಹೆಸರುಗಳು ಬೇರೆ ಬೇರೆಯಾಗಿ ಉಳಿಯುವುದಿಲ್ಲ.

ಆ ಹುಡುಗರನ್ನು ಒಬ್ಬೊಬ್ಬರಾಗಿ ನೋಡಬೇಕು.

ಜೀನೋ ಮಾರ್ಕೆಟಿ ಇಟಲಿಯಿಂದ ಬಂದ ಕುಟುಂಬದವನು, ಬೆಳೆದದ್ದು ಕ್ಯಾಲಿಫೋರ್ನಿಯಾದ ಆ್ಯಂಟಿಯಾಕ್‌ನಲ್ಲಿ. ಹದಿಹರೆಯದಲ್ಲೇ ಸೈನ್ಯ ಸೇರಿ ಎರಡನೆಯ ಮಹಾಯುದ್ಧದ ಬಲ್ಜ್ ಕದನದಲ್ಲಿ ಮಷಿನ್‌ಗನ್ ಹಿಡಿದು ಹೋರಾಡಿದ್ದ. ಯುದ್ಧ ಮುಗಿಸಿ ಬಂದು, ಚರ್ಮದ ಜಾಕೆಟ್ ತೊಟ್ಟು, ಮೋಟರ್‌ಸೈಕಲ್ ಹತ್ತಿ ಕಾಲೇಜಿಗೆ ಬಂದವನು. ಯುದ್ಧ ಕಂಡ ಇಂಥವರು ಆಗಿನ ಅಮೆರಿಕದ ಕಾಲೇಜುಗಳಲ್ಲಿ ಬಹಳ. ಇವರನ್ನು ಹೆದರಿಸುವುದು, ಇಂಥವನ ಪಕ್ಕ ಕೂರಬೇಡ ಎಂದು ಹೇಳುವುದು ಸುಲಭದ ಮಾತಲ್ಲ.

ಬಾಬ್ ಸೇಂಟ್ ಕ್ಲೇರ್ ಆರು ಅಡಿ ಒಂಬತ್ತು ಅಂಗುಲದ ಆಳು, ಸ್ಯಾನ್ ಫ್ರಾನ್ಸಿಸ್ಕೋದ ಸ್ವಂತ ಮಗ. ಓದಿದ ಪಾಲಿಟೆಕ್ನಿಕ್ ಹೈಸ್ಕೂಲು ಕೀಝರ್ ಮೈದಾನದ ಎದುರಿಗೇ ಇತ್ತು. ಹೈಸ್ಕೂಲಿನ ಪಂದ್ಯ, ಕಾಲೇಜಿನ ಪಂದ್ಯ, ಮುಂದೆ ಫಾರ್ಟಿನೈನರ್ಸ್ ಪರ ವೃತ್ತಿಪರ ಪಂದ್ಯ, ಮೂರನ್ನೂ ಒಂದೇ ಅಂಗಳದಲ್ಲಿ ಆಡಿದವನು. ಮಾಂಸವನ್ನು ಹಸಿಯಾಗಿಯೇ ತಿನ್ನುತ್ತಿದ್ದ ಎಂದು ಊರೆಲ್ಲ ಪ್ರಸಿದ್ಧ. ಮುಂದೆ ಪಕ್ಕದ ಡೇಲಿ ಸಿಟಿಯ ಮೇಯರ್ ಕೂಡ ಆದ.

ಓಲಿ ಮ್ಯಾಟ್ಸನ್ ಹುಟ್ಟಿದ್ದು ಟೆಕ್ಸಸ್‌ನ ಟ್ರಿನಿಟಿ ಎಂಬ ಊರಲ್ಲಿ, ಹೈಸ್ಕೂಲು ಓದಿದ್ದು ಸ್ಯಾನ್ ಫ್ರಾನ್ಸಿಸ್ಕೋದಲ್ಲಿ. ಓಟಗಾರನ ವೇಗ, ಪೈಲ್ವಾನನ ಮೈಕಟ್ಟು. ಚೆಂಡು ಹಿಡಿದು ಓಡುವಾಗಲೂ ಅವನೇ, ಎದುರಾಳಿಯನ್ನು ತಡೆಯುವಾಗಲೂ ಅವನೇ. 1951ರಲ್ಲಿ ಅವನು 1,566 ಗಜ ಓಡಿ, 21 ಟಚ್‌ಡೌನ್ ಮಾಡಿ ಇಡೀ ದೇಶದ ಕಾಲೇಜು ಆಟಗಾರರಲ್ಲಿ ಮೊದಲಿಗನಾದ.

ಬರ್ಲ್ ಟೋಲರ್ ಟೆನೆಸಿಯ ಮೆಂಫಿಸ್‌ನವನು. ಮ್ಯಾಟ್ಸನ್ ಜೊತೆ ಮೊದಲು ಸಿಟಿ ಕಾಲೇಜಿನ ತಂಡದಲ್ಲಿ ಆಡಿ, ಅಲ್ಲಿಂದ ಇಬ್ಬರೂ ಗುಡ್ಡದ ಮೇಲಿನ ಕಾಲೇಜಿಗೆ ಬಂದವರು. ಲೈನ್‌ಬ್ಯಾಕರ್ ಎಂದರೆ ಎದುರಾಳಿ ಓಡಿ ಬರುವಾಗ ನಡುವೆ ನಿಂತು ಕೆಡವುವವನು. ತಂಡದಲ್ಲಿ ಎಲ್ಲರಿಗಿಂತ ಒಳ್ಳೆಯ ಆಟಗಾರ ಟೋಲರ್ ಎಂದು ಹೇಳಿದ ಗೆಳೆಯರೂ ಇದ್ದರು. ಮಾತು ಕಡಿಮೆ, ಓದಿನಲ್ಲಿ ಶ್ರದ್ಧೆ.

ಮ್ಯಾಟ್ಸನ್ ಮತ್ತು ಟೋಲರ್ ತಂಡದಲ್ಲಿದ್ದ ಇಬ್ಬರು ಕಪ್ಪು ಆಟಗಾರರು.

ಈ ತಂಡದ ಸುದ್ದಿಯನ್ನು ಪತ್ರಿಕೆಗಳಿಗೆ ಮುಟ್ಟಿಸುತ್ತಿದ್ದವನು ಪೀಟ್ ರೊಝೆಲ್, ಅದೇ ಕಾಲೇಜಿನಲ್ಲಿ ಓದಿ ಅಲ್ಲೇ ಕೆಲಸಕ್ಕೆ ಸೇರಿದ್ದ ಇಪ್ಪತ್ತೈದರ ಹುಡುಗ. ಪೂರ್ವ ಕರಾವಳಿಯ ಪತ್ರಕರ್ತರು ಕಣ್ಣಾರೆ ನೋಡದೆ ಪಶ್ಚಿಮದ ಸಣ್ಣ ಕಾಲೇಜೊಂದನ್ನು ನಂಬುವುದಿಲ್ಲ ಎಂಬುದು ಅವನಿಗೆ ತಿಳಿದಿತ್ತು. ಅಕ್ಟೋಬರಿನಲ್ಲಿ ನ್ಯೂಯಾರ್ಕಿನ ಫೋರ್ಡಮ್ ವಿಶ್ವವಿದ್ಯಾಲಯದ ಜೊತೆ ಪಂದ್ಯ ಬಂದಾಗ ಸಿಕ್ಕ ಅವಕಾಶ ಅದೇ. ಫೋರ್ಡಮ್ ಕೂಡ ಜೆಸ್ಯೂಟರದ್ದೇ. ಆ ದಿನ ಮ್ಯಾಟ್ಸನ್ ಎರಡು ಸಲ ಕಿಕ್-ಆಫ್ ಚೆಂಡನ್ನು ಹಿಡಿದು, ಎರಡು ಸಲವೂ ತೊಂಬತ್ತು ಗಜದಷ್ಟು ಓಡಿ, ಎದುರಾಳಿಯ ಗಡಿ ದಾಟಿದ. ಸ್ಯಾನ್ ಫ್ರಾನ್ಸಿಸ್ಕೋ 32–26ರಿಂದ ಗೆದ್ದಿತು. ನ್ಯೂಯಾರ್ಕಿನ ಪತ್ರಿಕೆಗಳು ಮ್ಯಾಟ್ಸನ್ ಹೆಸರನ್ನು ಅಚ್ಚು ಹಾಕಿದವು.

ಅದೇ ಅಕ್ಟೋಬರಿನ 20ರಂದು ಓಕ್ಲಹೋಮಾದ ಸ್ಟಿಲ್‌ವಾಟರ್‌ನಲ್ಲಿ ಇನ್ನೊಂದು ಪಂದ್ಯ ನಡೆದಿತ್ತು. ಡ್ರೇಕ್ ವಿಶ್ವವಿದ್ಯಾಲಯದ ಜಾನಿ ಬ್ರೈಟ್ ಕಪ್ಪು ಆಟಗಾರ, ದೇಶದ ಅತ್ಯುತ್ತಮರಲ್ಲಿ ಒಬ್ಬ. ಆಟ ಶುರುವಾದ ಕೆಲವೇ ನಿಮಿಷಗಳಲ್ಲಿ, ಚೆಂಡು ಅವನ ಕೈಯಲ್ಲಿ ಇಲ್ಲದಿದ್ದಾಗಲೂ, ಎದುರು ತಂಡದವನೊಬ್ಬ ಮೊಣಕೈ ಎತ್ತಿ ಅವನ ಮುಖಕ್ಕೆ ಹೊಡೆದು ದವಡೆ ಮುರಿದ. ಇಬ್ಬರು ಛಾಯಾಗ್ರಾಹಕರು ಅದನ್ನು ಚಿತ್ರ ಚಿತ್ರವಾಗಿ ಹಿಡಿದರು. ಆ ಚಿತ್ರಗಳಿಗೆ ಮರುವರ್ಷ ಪುಲಿಟ್ಝರ್ ಪ್ರಶಸ್ತಿ ಬಂತು. ಮ್ಯಾಟ್ಸನ್ ಮತ್ತು ಟೋಲರ್ ಆ ಋತುವಿನಲ್ಲಿ ಅಂಗಳಕ್ಕೆ ಇಳಿದದ್ದು ಇಂಥ ಕಾಲದಲ್ಲಿ. ಇದನ್ನು ನೆನಪಿಟ್ಟುಕೊಂಡಾಗಲೇ ಅವರು ಓಡಿದ ಒಂದೊಂದು ಗಜದ ತೂಕ ತಿಳಿಯುತ್ತದೆ.

ಉಳಿದ ಪಂದ್ಯಗಳ ವಿವರಕ್ಕೆ ನಾನು ಹೋಗುವುದಿಲ್ಲ. ದೊಡ್ಡ ವಿಶ್ವವಿದ್ಯಾಲಯಗಳು ಈ ತಂಡದ ಜೊತೆ ಆಡಲು ಮುಂದೆ ಬರಲಿಲ್ಲ. ಗೆದ್ದರೆ ಕೀರ್ತಿಯಿಲ್ಲ, ಸೋತರೆ ಅವಮಾನ. ಹಾಗಾಗಿ ಮರೀನ್ ಸೈನಿಕರ ತಂಡ, ನೌಕಾಪಡೆಯ ತಂಡ ಕೂಡ ವೇಳಾಪಟ್ಟಿಯಲ್ಲಿ ಸೇರಿದವು. ಪ್ರತಿಷ್ಠೆಯ ಪಂದ್ಯ ಎಂದರೆ ನವೆಂಬರಿನಲ್ಲಿ ಸ್ಟಾಕ್‌ಟನ್ ಊರಿನಲ್ಲಿ ಕಾಲೇಜ್ ಆಫ್ ದಿ ಪೆಸಿಫಿಕ್ ವಿರುದ್ಧದ್ದು. ಪೆಸಿಫಿಕ್ ಬಲಿಷ್ಠ ತಂಡ, ಸ್ವಂತ ಊರು, ನಲವತ್ತು ಸಾವಿರ ದಾಟಿದ ಪ್ರೇಕ್ಷಕರು. ಗೆದ್ದವರಿಗೆ ಬೌಲ್ ಕರೆ ಬರುತ್ತದೆ ಎಂದು ಎಲ್ಲರ ಬಾಯಲ್ಲೂ ಇತ್ತು. ಸ್ಯಾನ್ ಫ್ರಾನ್ಸಿಸ್ಕೋ 47–14ರಿಂದ ಗೆದ್ದಿತು. ನಲವತ್ತೇಳು ಅಂಕಕ್ಕೆ ಯಾರೂ ವಾದ ಹೂಡುವಂತಿರಲಿಲ್ಲ.

ಆಮೇಲೆ ಬಂದ ಮಾತು ಹೀಗಿತ್ತು ಎಂದು ಆಟಗಾರರು ಮುಂದೆ ಹೇಳಿಕೊಂಡಿದ್ದಾರೆ: ಬೌಲ್‌ಗೆ ಹೋಗಬಹುದು, ಆದರೆ ಮ್ಯಾಟ್ಸನ್ ಮತ್ತು ಟೋಲರ್‌ರನ್ನು ಬಿಟ್ಟು ಹೋಗಬೇಕು. ಕುಹಾರಿಕ್ ಇದನ್ನು ತಂಡದ ಮುಂದಿಟ್ಟ. ಅಲ್ಲಿ ಕೈ ಎತ್ತಿಸಿ ಮತ ಎಣಿಸುವ ಪ್ರಮೇಯವೇ ಬರಲಿಲ್ಲ. ಬೇಡ ಎಂದರು, ಅಷ್ಟೇ. ದಕ್ಷಿಣದ ಬೌಲ್ ಸಮಿತಿಗಳು ಕಪ್ಪು ಆಟಗಾರರಿರುವ ತಂಡವನ್ನು ಕರೆಯಲು ಒಪ್ಪುತ್ತಿಲ್ಲ ಎಂಬ ಸುದ್ದಿಯನ್ನು ಸ್ಯಾನ್ ಫ್ರಾನ್ಸಿಸ್ಕೋದ ರೇಡಿಯೊ ವರದಿಗಾರರೊಬ್ಬರು ಆಗಲೇ ಬಿತ್ತರಿಸಿದರು.

ಆ ಕ್ಷಣದ ಬಗ್ಗೆ ನಾನು ಓದಿದ್ದರಲ್ಲೆಲ್ಲ ನನ್ನ ಮನಸ್ಸಿಗೆ ನಾಟಿದ್ದು ಅದರ ಸರಳತೆ. ಯಾರೂ ಭಾಷಣ ಮಾಡಲಿಲ್ಲ. ಮಾರ್ಕೆಟಿಯಾಗಲಿ ಸೇಂಟ್ ಕ್ಲೇರ್ ಆಗಲಿ ಮುಂದೆ ಆ ಬಗ್ಗೆ ಕೇಳಿದವರಿಗೆ, ತಾವೇನೋ ತ್ಯಾಗ ಮಾಡಿದೆವು ಎಂಬ ದನಿಯಲ್ಲಿ ಉತ್ತರಿಸಿದವರಲ್ಲ. ಆದರೆ ಕಳೆದುಕೊಂಡದ್ದು ಸಣ್ಣದಾಗಿರಲಿಲ್ಲ. ಇಪ್ಪತ್ತು ಇಪ್ಪತ್ತೆರಡರ ಹುಡುಗನಿಗೆ ಮಯಾಮಿಯ ಕಡಲತೀರ, ತುಂಬಿದ ಮೈದಾನ, ರೇಡಿಯೊದಲ್ಲಿ ತನ್ನ ಹೆಸರು ಎಂದರೆ ಏನೆಂದು ನನಗೆ ಗೊತ್ತು. ಯೂನಿವರ್ಸಿಟಿ ಬ್ಲೂ ಕೋಟಿಗಾಗಿ ಉಳುಕಿದ ಕಾಲನ್ನು ಬಚ್ಚಿಟ್ಟು ಓಡಿದ ಹುಡುಗರನ್ನು ನಾನು ಕಂಡಿದ್ದೇನೆ.

ಧಾರವಾಡದವನಾದ ನನಗೆ ಇಲ್ಲಿ ಪಾಲವಣಕರ ಬಾಳೂ ನೆನಪಾಗದೆ ಇರಲಾರರು. 1876ರಲ್ಲಿ ಹುಟ್ಟಿದ್ದು ನಮ್ಮ ಧಾರವಾಡದಲ್ಲೇ. ಚಮ್ಮಾರ ಜಾತಿಯವರು. ಎಡಗೈ ಸ್ಪಿನ್ ಬೌಲರ್. ಪುಣೆಯಲ್ಲಿ ಬಿಳಿಯರ ಕ್ಲಬ್ಬಿನ ಪಿಚ್ ಸಮ ಮಾಡುತ್ತ, ಅವರಿಗೆ ನೆಟ್‌ನಲ್ಲಿ ಚೆಂಡೆಸೆಯುತ್ತ ಕಲಿತವರು. ಪುಣೆಯ ಹಿಂದೂ ತಂಡ ಗೆಲ್ಲುವ ಆಸೆಗೆ ಅವರನ್ನು ಸೇರಿಸಿಕೊಂಡಿತು. ಅಂಗಳದಲ್ಲಿ ಅವರು ಮುಟ್ಟಿದ ಚೆಂಡನ್ನು ಎಲ್ಲರೂ ಮುಟ್ಟುತ್ತಿದ್ದರು; ಚಹಾ ವಿರಾಮದಲ್ಲಿ ಮಾತ್ರ ಅವರಿಗೆ ಹೊರಗೆ, ಮಣ್ಣಿನ ಕುಡಿಕೆಯಲ್ಲಿ ಚಹಾ. 1911ರಲ್ಲಿ ಇಂಗ್ಲೆಂಡಿಗೆ ಹೋಗಿ 114 ವಿಕೆಟ್ ತೆಗೆದರು. ಆದರೂ ಹಿಂದೂ ತಂಡದ ನಾಯಕತ್ವ ಅವರಿಗೆ ಕೊನೆಯವರೆಗೂ ಸಿಗಲಿಲ್ಲ. ತಮ್ಮ ವಿಠ್ಠಲನಿಗೆ ಅದು ದಕ್ಕಿದ್ದು 1923ರಲ್ಲಿ, ಹೋರಾಟದ ನಂತರ. ಬಾಳೂ ಹೊರಗೆ ಒಬ್ಬರೇ ಕೂತು ಚಹಾ ಕುಡಿಯುತ್ತಿದ್ದಾಗ ಒಳಗೆ ಪಿಂಗಾಣಿ ಕಪ್ಪಿನಲ್ಲಿ ಕುಡಿದ ಹತ್ತು ಜನ ಯಾರು ಎಂದು ನಾನು ಕೇಳಿಕೊಂಡಿದ್ದೇನೆ. 1951ರ ಸ್ಯಾನ್ ಫ್ರಾನ್ಸಿಸ್ಕೋ ತಂಡ ನನಗೆ ಇಷ್ಟೊಂದು ಹತ್ತಿರವಾಗಿದ್ದರೆ ಅದಕ್ಕೆ ಈ ಪ್ರಶ್ನೆಯೇ ಕಾರಣ. ಅಲ್ಲಿ ಉಳಿದವರು ಒಳಗೆ ಹೋಗಿ ಕೂರಲಿಲ್ಲ.

ಈಗ ಇತಿಹಾಸ ಬರೆಯುವವನು ಮುಚ್ಚಿಡಬಾರದ ಒಂದು ತೊಡಕು. ಆ ವರ್ಷ ಬೌಲ್ ಸಮಿತಿಗಳ ಪರ ವಾದಿಸಿದವರು ಹೇಳಿದ್ದು, ಸ್ಯಾನ್ ಫ್ರಾನ್ಸಿಸ್ಕೋ ಎದುರಿಸಿದ ತಂಡಗಳು ದುರ್ಬಲ ಎಂದು. ಅದರಲ್ಲಿ ಪೂರ್ತಿ ಸುಳ್ಳಿಲ್ಲ. ವೇಳಾಪಟ್ಟಿ ಸಾಧಾರಣವಾಗಿಯೇ ಇತ್ತು. ಅಸೋಸಿಯೇಟೆಡ್ ಪ್ರೆಸ್‌ನ ಅಂತಿಮ ಪಟ್ಟಿಯಲ್ಲಿ ಅವರಿಗೆ ಸಿಕ್ಕಿದ್ದು 14ನೆಯ ಸ್ಥಾನ. ಆರೆಂಜ್ ಬೌಲ್ ಆಡಿದ ಜಾರ್ಜಿಯಾ ಟೆಕ್ ಮತ್ತು ಬೇಲರ್ ಅವರಿಗಿಂತ ಮೇಲಿದ್ದವು ನಿಜ. ಆದರೆ ಗೇಟರ್ ಬೌಲ್ ಆಡಿದ ಮಯಾಮಿ ಮತ್ತು ಕ್ಲೆಮ್ಸನ್ ಅವರಿಗಿಂತ ಕೆಳಗಿದ್ದವು. ಇನ್ನೂ ಒಂದು ಮಾತು. 47–14ರಿಂದ ಸೋತ ಪೆಸಿಫಿಕ್ ತಂಡಕ್ಕೇ ಟೆಕ್ಸಸ್‌ನ ಎಲ್ ಪ್ಯಾಸೊದ ಸನ್ ಬೌಲ್‌ನಿಂದ ಕರೆ ಬಂತು. ಆ ತಂಡದಲ್ಲಿ ಎಡ್ಡಿ ಮೇಕನ್ ಎಂಬ ಕಪ್ಪು ಆಟಗಾರನಿದ್ದ, ಅವನು ಅಲ್ಲಿ ಆಡಿದ ಕೂಡ. ಡಲಾಸ್‌ನ ಕಾಟನ್ ಬೌಲ್‌ನಲ್ಲಿ 1948ರಲ್ಲೇ ಪೆನ್ ಸ್ಟೇಟ್‌ನ ಇಬ್ಬರು ಕಪ್ಪು ಆಟಗಾರರು ಆಡಿದ್ದರು. ಅಂದರೆ ದಕ್ಷಿಣದ ಎಲ್ಲ ಬಾಗಿಲೂ ಒಂದೇ ರೀತಿ ಮುಚ್ಚಿರಲಿಲ್ಲ. ತೆರೆಯಲು ಸಾಧ್ಯವಿದೆ ಎಂಬುದು ಎಲ್ಲರಿಗೂ ತಿಳಿದಿದ್ದ ಕಾಲದಲ್ಲಿ ಮಯಾಮಿ, ನ್ಯೂ ಓರ್ಲಿಯನ್ಸ್, ಜ್ಯಾಕ್ಸನ್‌ವಿಲ್ ತೆರೆಯದೆ ಉಳಿದವು. ಬೇರೆಯವರೂ ಹಾಗೇ ಮಾಡುತ್ತಿದ್ದರು ಎಂಬ ಸಮರ್ಥನೆ ಅವರಿಗೆ ಸಲ್ಲುವುದಿಲ್ಲ.

ಎಲ್ ಪ್ಯಾಸೊ ಬಾಗಿಲು ತಾನಾಗಿ ತೆರೆದದ್ದೂ ಅಲ್ಲ. 1948ರಲ್ಲಿ ಪೆನ್ಸಿಲ್ವೇನಿಯಾದ ಲಫಯೆಟ್ ಕಾಲೇಜಿಗೆ ಸನ್ ಬೌಲ್ ಕರೆ ಬಂದಿತ್ತು, ನಿಮ್ಮ ಕಪ್ಪು ಆಟಗಾರ ಬರಬಾರದು ಎಂಬ ಷರತ್ತಿನೊಡನೆ. ಲಫಯೆಟ್ ಕರೆಯನ್ನೇ ತಿರಸ್ಕರಿಸಿತು. 1950ರಲ್ಲಿ ಲಾಸ್ ಏಂಜಲೀಸ್‌ನ ಲೊಯೋಲಾ ವಿಶ್ವವಿದ್ಯಾಲಯ ಅದೇ ಕಾರಣಕ್ಕೆ ಎಲ್ ಪ್ಯಾಸೊದಲ್ಲಿ ಆಡಬೇಕಿದ್ದ ಪಂದ್ಯವನ್ನು ರದ್ದು ಮಾಡಿತು. ಅದಾದ ಮೇಲೆಯೇ ಅಲ್ಲಿನ ನಿಯಮ ಸಡಿಲವಾಗಿದ್ದು. ಸ್ಯಾನ್ ಫ್ರಾನ್ಸಿಸ್ಕೋ ತಂಡದ ಋತುವಿನ ಕೊನೆಯ ಪಂದ್ಯ ಇದೇ ಲೊಯೋಲಾ ವಿರುದ್ಧ, ಪ್ಯಾಸಡೀನಾದ ರೋಸ್ ಬೌಲ್ ಮೈದಾನದಲ್ಲಿ. 20–2ರಿಂದ ಸ್ಯಾನ್ ಫ್ರಾನ್ಸಿಸ್ಕೋ ಗೆದ್ದಿತು. ಯಾದಿಯಿಂದ ಹೆಸರು ತೆಗೆಯಲು ಒಪ್ಪದ ಎರಡು ಸಣ್ಣ ಕ್ಯಾಥೊಲಿಕ್ ಕಾಲೇಜುಗಳು ಆ ವಿಶಾಲ ಮೈದಾನದಲ್ಲಿ ಎದುರುಬದುರು ನಿಂತದ್ದನ್ನು ಇತಿಹಾಸಕಾರರು ಇನ್ನೂ ಸ್ವಲ್ಪ ಹೆಚ್ಚು ಗಮನಿಸಬೇಕಿತ್ತು ಎಂದು ನನಗೆ ಅನಿಸುತ್ತದೆ.

ವರ್ಷ ಕೊನೆಯಾಗುತ್ತಿದ್ದಂತೆ ವಿಶ್ವವಿದ್ಯಾಲಯ ಫುಟ್ಬಾಲ್ ನಿಲ್ಲಿಸಿತು. ಅಧ್ಯಕ್ಷರಾಗಿದ್ದ ಪಾದ್ರಿ ವಿಲಿಯಮ್ ಡನ್ ಅವರ ಮುಂದೆ ಇದ್ದ ನಷ್ಟದ ಲೆಕ್ಕಕ್ಕೆ ಬೇರೆ ಉತ್ತರವಿರಲಿಲ್ಲ. ಮರುವರ್ಷದ ಋತುವಿನ ನಂತರ ಹತ್ತಿರದ ಸಾಂಟಾ ಕ್ಲಾರಾ ಕಾಲೇಜು ಕೂಡ ನಿಲ್ಲಿಸಿತು. ಸೇಂಟ್ ಕ್ಲೇರ್‌ಗೆ ಇನ್ನೂ ಓದು ಬಾಕಿಯಿತ್ತು. ಆಡಬೇಕೆಂದರೆ ಊರು ಬಿಡಬೇಕಾಗಿ, ಓಕ್ಲಹೋಮಾದ ಟಲ್ಸಾಕ್ಕೆ ಹೋದ. ಕುಹಾರಿಕ್ ಶಿಕಾಗೋದ ಕಾರ್ಡಿನಲ್ಸ್ ಎಂಬ ವೃತ್ತಿಪರ ತಂಡಕ್ಕೆ ಕೋಚ್ ಆಗಿ ಹೋದ. ಅದೇ ಕಾರ್ಡಿನಲ್ಸ್ ಮ್ಯಾಟ್ಸನ್‌ನನ್ನು ಕಾಲೇಜು ಆಟಗಾರರ ಆಯ್ಕೆಯ ಮೊದಲ ಸುತ್ತಿನಲ್ಲೇ ಆರಿಸಿಕೊಂಡಿತು.

ಆ ಬೇಸಿಗೆಯಲ್ಲಿ, 1952ರ ಹೆಲ್ಸಿಂಕಿ ಒಲಿಂಪಿಕ್ಸ್‌ನಲ್ಲಿ, ಮ್ಯಾಟ್ಸನ್ 400 ಮೀಟರ್ ಓಟದಲ್ಲಿ ಕಂಚು, ರಿಲೇಯಲ್ಲಿ ಬೆಳ್ಳಿ ತಂದ. ನಮ್ಮ ಕೆ.ಡಿ. ಜಾಧವ್ ಕುಸ್ತಿಯಲ್ಲಿ ಕಂಚು ಗೆದ್ದ ಒಲಿಂಪಿಕ್ಸ್ ಅದೇ. 1959ರಲ್ಲಿ ಲಾಸ್ ಏಂಜಲೀಸ್ ರ‍್ಯಾಮ್ಸ್ ತಂಡ ಮ್ಯಾಟ್ಸನ್ ಒಬ್ಬನನ್ನು ಪಡೆಯಲು ಆಟಗಾರರು, ಆಯ್ಕೆಯ ಹಕ್ಕು ಎಲ್ಲ ಸೇರಿ ಒಂಬತ್ತನ್ನು ಬಿಟ್ಟುಕೊಟ್ಟಿತು. ಆಗ ರ‍್ಯಾಮ್ಸ್‌ನ ಮುಖ್ಯಸ್ಥನಾಗಿ ಆ ವ್ಯವಹಾರ ಮಾಡಿದವನು ಪೀಟ್ ರೊಝೆಲ್, ಕಾಲೇಜಿನಲ್ಲಿ ಅವನ ಸುದ್ದಿ ಟೈಪ್ ಮಾಡುತ್ತಿದ್ದ ಅದೇ ಹುಡುಗ. ಮರುವರ್ಷ ವೃತ್ತಿಪರ ಫುಟ್ಬಾಲಿನ ಇಡೀ ಲೀಗ್ ಆದ ಎನ್‌ಎಫ್‌ಎಲ್‌ನ ಕಮಿಷನರ್ ಆಗಿ ಅವನು 1989ರವರೆಗೆ ಆ ಹುದ್ದೆಯಲ್ಲಿದ್ದ. ಮ್ಯಾಟ್ಸನ್ ಮತ್ತು ಮಾರ್ಕೆಟಿ 1972ರಲ್ಲಿ ಒಟ್ಟಿಗೇ ವೃತ್ತಿಪರ ಫುಟ್ಬಾಲಿನ ಹಾಲ್ ಆಫ್ ಫೇಮ್ ಸೇರಿದರು, ಸೇಂಟ್ ಕ್ಲೇರ್ 1990ರಲ್ಲಿ. ಒಂದೇ ಕಾಲೇಜು ತಂಡದ ಮೂವರು. ಮ್ಯಾಟ್ಸನ್‌ನ ಕೊನೆಯ ವರ್ಷಗಳು ಮರೆವಿನ ಕಾಯಿಲೆಯಲ್ಲಿ ಕಳೆದವು. 2011ರಲ್ಲಿ ತೀರಿಕೊಂಡ ಮೇಲೆ ಪರೀಕ್ಷಿಸಿದ ವೈದ್ಯರು ತಲೆಗೆ ಬಿದ್ದ ಹೊಡೆತಗಳಿಂದ ಬರುವ ಮೆದುಳಿನ ಕಾಯಿಲೆಯನ್ನು ಗುರುತಿಸಿದರು. ಈ ಆಟವನ್ನು ನಾನು ಎಷ್ಟೇ ಮೆಚ್ಚಿದರೂ ಆ ಸಂಗತಿಯನ್ನು ಬಿಟ್ಟು ಬರೆಯಲಾರೆ.

ಟೋಲರ್ ವೃತ್ತಿಪರ ಆಟ ಆಡಲೇ ಇಲ್ಲ. ಕ್ಲೀವ್‌ಲೆಂಡ್ ಬ್ರೌನ್ಸ್ ಅವನನ್ನು ಆರಿಸಿತ್ತು, ಆದರೆ 1952ರ ಆಗಸ್ಟಿನಲ್ಲಿ ಕಾಲೇಜು ತಾರೆಯರ ಪ್ರದರ್ಶನ ಪಂದ್ಯದಲ್ಲಿ ಮೊಣಕಾಲಿಗೆ ಭಾರೀ ಪೆಟ್ಟಾಯಿತು. ಸ್ಯಾನ್ ಫ್ರಾನ್ಸಿಸ್ಕೋಗೆ ಮರಳಿ ಬೆಂಜಮಿನ್ ಫ್ರ್ಯಾಂಕ್ಲಿನ್ ಶಾಲೆಯಲ್ಲಿ ಗಣಿತ ಮತ್ತು ದೈಹಿಕ ಶಿಕ್ಷಣದ ಮೇಷ್ಟ್ರಾದ. ಮುಂದೆ ಅಲ್ಲೇ ಮುಖ್ಯೋಪಾಧ್ಯಾಯ. ಆ ಊರಿನ ಪ್ರೌಢ ಹಂತದ ಶಾಲೆಗಳಲ್ಲಿ ಆ ಕುರ್ಚಿಗೆ ಬಂದ ಮೊದಲ ಕಪ್ಪು ವ್ಯಕ್ತಿ. ನಾಲ್ವರಲ್ಲಿ ನಾನು ಕಾಣಬೇಕು, ಮಾತಾಡಿಸಬೇಕು ಎಂದು ಬಯಸಿದ್ದು ಇವರನ್ನೇ, ನನ್ನ ವೃತ್ತಿಯವರು ಎಂಬ ಕಾರಣಕ್ಕೆ. ಅವರು 2009ರಲ್ಲಿ ತೀರಿಕೊಂಡರು.

ಆಟವನ್ನು ಟೋಲರ್ ಬಿಡಲಿಲ್ಲ. ವಾರವಿಡೀ ಶಾಲೆ, ಭಾನುವಾರ ಕಪ್ಪುಬಿಳಿ ಪಟ್ಟೆಯ ಅಂಗಿ. 1965ರಲ್ಲಿ ಎನ್‌ಎಫ್‌ಎಲ್ ಅವರನ್ನು ತೀರ್ಪುಗಾರರ ಬಳಗಕ್ಕೆ ಸೇರಿಸಿಕೊಂಡಿತು. ಅಮೆರಿಕದ ಯಾವುದೇ ದೊಡ್ಡ ವೃತ್ತಿಪರ ಆಟದಲ್ಲಿ ಆ ಕೆಲಸಕ್ಕೆ ಬಂದ ಮೊದಲ ಕಪ್ಪು ವ್ಯಕ್ತಿ ಅವರು. ಗೆರೆಯ ಬಳಿ ನಿಂತು ಯಾರು ಮೊದಲು ಅಲುಗಿದರು, ಚೆಂಡು ಎಲ್ಲಿ ಬಿತ್ತು ಎಂದು ತೀರ್ಮಾನಿಸುವ ಹೆಡ್ ಲೈನ್ಸ್‌ಮನ್ ಆಗಿ 25 ಋತು ದುಡಿದರು. 1980ರ ಜನವರಿಯಲ್ಲಿ ವೃತ್ತಿಪರ ಫುಟ್ಬಾಲಿನ ಫೈನಲ್, ಹದಿನಾಲ್ಕನೆಯ ಸೂಪರ್ ಬೌಲ್, ನಡೆದದ್ದು ಪ್ಯಾಸಡೀನಾದ ಅದೇ ರೋಸ್ ಬೌಲ್ ಮೈದಾನದಲ್ಲಿ, ಲಕ್ಷ ದಾಟಿದ ಪ್ರೇಕ್ಷಕರ ಮುಂದೆ. ಅಂದಿನ ಅಧಿಕಾರಿಗಳಲ್ಲಿ ಟೋಲರ್ ಒಬ್ಬರು. ಸೂಪರ್ ಬೌಲ್‌ನಲ್ಲಿ ತೀರ್ಪು ಕೊಟ್ಟ ಮೊದಲ ಕಪ್ಪು ಅಧಿಕಾರಿಯೂ ಅವರೇ.

ವಿಶ್ವವಿದ್ಯಾಲಯ 2006ರಲ್ಲಿ ಆ ತಂಡಕ್ಕೆ ಗೌರವ ಡಾಕ್ಟರೇಟ್ ಕೊಟ್ಟಿತು. 2008ರಲ್ಲಿ ಫಿಯೆಸ್ಟಾ ಬೌಲ್ ಬದುಕಿದ್ದವರನ್ನು ಕರೆಸಿ ಸನ್ಮಾನಿಸಿತು. ಅಷ್ಟರಲ್ಲಿ ಹಲವರು ಇರಲಿಲ್ಲ.

ಗುಡ್ಡದ ಮೇಲಿನ ಆವರಣದಲ್ಲಿ ಒಂದು ವಿದ್ಯಾರ್ಥಿನಿಲಯಕ್ಕೆ ಬಹುಕಾಲ ಜೇಮ್ಸ್ ಫೆಲನ್ ಎಂಬವರ ಹೆಸರಿತ್ತು. ಅದೇ ಸಂಸ್ಥೆಯಲ್ಲಿ ಓದಿ, ಊರಿನ ಮೇಯರ್ ಆಗಿ, ಸೆನೆಟರ್ ಆದವರು. 1920ರ ಚುನಾವಣೆಯಲ್ಲಿ ಅವರು ಮತ ಕೇಳಿದ್ದು ಕ್ಯಾಲಿಫೋರ್ನಿಯಾ ಬಿಳಿಯರದ್ದಾಗಿಯೇ ಉಳಿಯಲಿ ಎಂಬ ಘೋಷಣೆ ಇಟ್ಟುಕೊಂಡು; ಆ ಮಾತಿನ ಗುರಿ ಜಪಾನ್ ಮತ್ತಿತರ ಏಷ್ಯಾ ದೇಶಗಳಿಂದ ಬಂದವರು. ವಿದ್ಯಾರ್ಥಿಗಳು ಆ ಹೆಸರು ಬೇಡವೆಂದು ಒತ್ತಾಯಿಸಿದರು, ಆಡಳಿತ ಒಪ್ಪಿತು. 2017ರಿಂದ ಆ ಕಟ್ಟಡದ ಹೆಸರು ಟೋಲರ್ ಹಾಲ್. ಹೊಸದಾಗಿ ಕಾಲೇಜು ಸೇರಿದ ಮಕ್ಕಳು, ಏಷ್ಯಾ ಮೂಲದ ಬಹಳ ಮಕ್ಕಳೂ ಸೇರಿ, ಈಗ ತಮ್ಮ ವಿಳಾಸದಲ್ಲಿ ಬರ್ಲ್ ಟೋಲರ್ ಹೆಸರು ಬರೆಯುತ್ತಾರೆ.